ಗಡಿಯ ಹಂಗಿಲ್ಲದ ಅಲೆಗಳು

1956ರ ನವೆಂಬರ್ 1ರಂದು ಬೀದರ ಜಿಲ್ಲೆ ಹೈದರಾಬಾದ್ ರಾಜ್ಯದಿಂದ ಬೇರ್ಪಟ್ಟು ಮೈಸೂರು ರಾಜ್ಯಕ್ಕೆ ಸೇರಿತು. ನಕಾಶೆ ಬದಲಾಯಿತು, ರೇಡಿಯೋ ಬದಲಾಗಲಿಲ್ಲ. ಮೈಲೂರ, ಭಾಲ್ಕಿ, ಔರಾದಗಳಿಗೆ ಸಮೀಪದ ಬಾನುಲಿ ಕೇಂದ್ರ ಆಗಲೂ ಹೈದರಾಬಾದಿನದೇ. ನಿಜಾಮರ ಕಾಲದ 'ಡೆಕ್ಕನ್ ರೇಡಿಯೋ' 1950ರಲ್ಲಿ ಆಕಾಶವಾಣಿಯ ಕೈಸೇರಿತ್ತು. ಅದೇ ವರ್ಷ ಆರಂಭವಾದ ಧಾರವಾಡ ಕೇಂದ್ರ ಇಲ್ಲಿಂದ 300 ಕಿ.ಮೀ.ಗೂ ಆಚೆ. ಹತ್ತಿರದ ಕನ್ನಡ ಕೇಂದ್ರವಾಗಿ ಗುಲ್ಬರ್ಗ ಬಂದದ್ದು 1966ರಲ್ಲಿ.

ಹಾಗಾದರೆ ಆ ಹತ್ತು ವರ್ಷ ದೂರದ ಕನ್ನಡ ದನಿಗಾಗಿ ರೇಡಿಯೋದ ಗುಂಡಿ ತಿರುಗಿಸುವವರಿಗೆ ಯಾವ ಹೊತ್ತು ಅನುಕೂಲ? ಕತ್ತಲ ಹೊತ್ತು. ಅದಕ್ಕೆ ಕಾರಣ ಆಕಾಶದಲ್ಲಿದೆ.

ರೇಡಿಯೋ ಅಲೆಗಳು ಬೆಳಕಿನ ವೇಗದಲ್ಲಿ, ಅಂದರೆ ಸೆಕೆಂಡಿಗೆ ಸುಮಾರು 3 ಲಕ್ಷ ಕಿ.ಮೀ. ಸಾಗುತ್ತವೆ. ಮೀಡಿಯಂ ವೇವ್ ಅಲೆ ಹಗಲಿನಲ್ಲಿ ನೆಲವನ್ನು ಅಂಟಿಕೊಂಡು ಹೋಗುತ್ತದೆ. ಮೇಲಕ್ಕೆ ಹೋದದ್ದನ್ನು 60ರಿಂದ 90 ಕಿ.ಮೀ. ಎತ್ತರದಲ್ಲಿ ಬಿಸಿಲು ಸೃಷ್ಟಿಸುವ ವಿದ್ಯುತ್ಕಣಗಳ ಪದರ ನುಂಗಿಬಿಡುತ್ತದೆ. ಸೂರ್ಯ ಮುಳುಗಿದೊಡನೆ ಈ ಪದರ ಕರಗುತ್ತದೆ. ಆಗ ಅಲೆ ಇನ್ನೂ ಮೇಲಿನ ಪದರಗಳನ್ನು ಮುಟ್ಟಿ, ಗೋಡೆಗೆ ಹೊಡೆದ ಚೆಂಡಿನಂತೆ ನೂರಾರು ಕಿ.ಮೀ. ದೂರದಲ್ಲಿ ಮತ್ತೆ ನೆಲಕ್ಕಿಳಿಯುತ್ತದೆ. ಶಾರ್ಟ್ ವೇವ್ ಅಲೆಗಳಾದರೋ ಹಗಲಿನಲ್ಲೂ ಈ ಪದರವನ್ನು ದಾಟಬಲ್ಲವು. 1950ರ ದಶಕದಲ್ಲಿ ರೇಡಿಯೋ ಸಿಲೋನಿನ ಚಿತ್ರಗೀತೆಗಳು ಸಮುದ್ರ ದಾಟಿ ಭಾರತದ ಮನೆಮನೆಗೆ ಬಂದದ್ದು ಹೀಗೆ.

ದೂರದ ಕೇಂದ್ರಗಳನ್ನು ಹುಡುಕಿ ಹಿಡಿಯುವುದನ್ನೇ ಹವ್ಯಾಸ ಮಾಡಿಕೊಂಡವರು ಜಗತ್ತಿನೆಲ್ಲೆಡೆ ಇದ್ದಾರೆ. ಇದಕ್ಕೆ 'ಡಿಎಕ್ಸಿಂಗ್' ಎಂದು ಹೆಸರು. ಕೇಳಿದ ದಿನ, ಸಮಯ, ಕಂಪನಾಂಕ, ಕಾರ್ಯಕ್ರಮದ ವಿವರ ಬರೆದು, ದನಿಯ ಸ್ಪಷ್ಟತೆಗೆ 1ರಿಂದ 5ರವರೆಗೆ ಅಂಕ ಕೊಟ್ಟು ಕೇಂದ್ರಕ್ಕೆ ಕಳಿಸುತ್ತಾರೆ. ವರದಿ ಸರಿಯಿದ್ದರೆ 'ಕ್ಯೂಎಸ್‌ಎಲ್' ಎಂಬ ಚಿತ್ರದ ಕಾರ್ಡ್ ಬರುತ್ತದೆ. ತಮ್ಮ ಅಲೆ ಎಲ್ಲಿಯವರೆಗೆ ಮುಟ್ಟಿತೆಂದು ತಿಳಿಯಲು ಎಂಜಿನಿಯರುಗಳಿಗೆ ಇಂಥ ಕಾಗದಗಳೇ ನೆರವಾದವು.

ಇಂದು ಮೊಬೈಲಿನಲ್ಲಿ ಯಾವ ಊರಿನ ಕೇಂದ್ರವನ್ನಾದರೂ ಕೇಳಬಹುದು. ಆದರೆ ಅಲ್ಲಿ ಹಗಲಿರುಳುಗಳ ವ್ಯತ್ಯಾಸ ತಿಳಿಯದು. ಎಲ್‌ಇಡಿ ದೀಪ, ಚಾರ್ಜರುಗಳ ಗೊರಗೊರ ಸದ್ದಿನಲ್ಲಿ ಕ್ಷೀಣ ಅಲೆಗಳು ಮುಳುಗುತ್ತಿವೆ. ಹಳೆಯ ರೇಡಿಯೋ ಅಟ್ಟದ ಮೇಲಿದ್ದರೆ ಒಂದು ರಾತ್ರಿ ಕೆಳಗಿಳಿಸಿ, ದೀಪಗಳನ್ನಾರಿಸಿ ಮುಳ್ಳನ್ನು ಮೆಲ್ಲನೆ ಸರಿಸಿ ನೋಡಿ. ಕನ್ನಡ, ಮರಾಠಿ, ತೆಲುಗು, ಉರ್ದು ಬೆರೆತ ಬೀದರಿನ ಬದುಕಿಗೆ ಗಡಿ ಎಂದೂ ಗೋಡೆಯಾಗಿರಲಿಲ್ಲ. ಅದರ ನೆತ್ತಿಯ ಮೇಲಿನ ಆಕಾಶಕ್ಕೂ ಅಷ್ಟೆ.