ನಿಂತದ್ದನ್ನು ಮತ್ತೆ ನಡೆಸುವ ಒಂದು ಸಾಲು

ಸುಡೊ ಸಿಸ್ಟಮ್‌ಸಿಟಿಎಲ್ ರೀಸ್ಟಾರ್ಟ್ ಅಪಾಚೆ2. ಉಬುಂಟು ಇರುವ ಕಂಪ್ಯೂಟರಿನ ಕಪ್ಪು ಕಿಟಕಿಯಲ್ಲಿ ಈ ನಾಲ್ಕು ಪದಗಳನ್ನು ಇಂಗ್ಲಿಷ್ ಅಕ್ಷರಗಳಲ್ಲಿ ಬರೆದು ಎಂಟರ್ ಒತ್ತಿದರೆ ನಿಂತುಹೋಗಿದ್ದ ವೆಬ್ ಸರ್ವರ್ ಮತ್ತೆ ನಡೆಯತೊಡಗುತ್ತದೆ. ಎಲ್ಲ ಸರಿಯಾಗಿ ನಡೆದರೆ ಉತ್ತರವೇ ಬರುವುದಿಲ್ಲ. ಕರ್ಸರ್ ಕೆಳಗಿನ ಸಾಲಿಗೆ ಇಳಿದು ಮಿಣುಕುತ್ತ ಕೂರುತ್ತದೆ, ಅಷ್ಟೆ. ಕೆಲಸ ಆದರೆ ಸುಮ್ಮನಿರುವುದು, ಕೆಟ್ಟರೆ ಮಾತ್ರ ಬಾಯಿ ತೆರೆಯುವುದು ಯುನಿಕ್ಸಿನ ಹಳೆಯ ಸ್ವಭಾವ. ನಮ್ಮ ಕಡೆಯ ಎಷ್ಟೋ ಮನೆಗಳ ಹಿರಿಯರದ್ದೂ ಅದೇ.

ಈ ಸಾಲನ್ನು ಬಳಸುವವರಲ್ಲಿ ಹೆಚ್ಚಿನವರಿಗೆ ಅದೊಂದು ಮಂತ್ರ. ಅರ್ಥ ಕೇಳದೆ ಹೇಳಿದರೂ ಫಲ ಸಿಗುತ್ತದೆ. ಆದರೆ ಇತಿಹಾಸದ ವಿದ್ಯಾರ್ಥಿಗೆ ಇದು ಒಂದು ಸಣ್ಣ ಶಾಸನದಂತೆ ಕಾಣಬೇಕು. ಇದರ ಒಂದೊಂದು ಪದವೂ ಒಂದೊಂದು ಕಾಲದಲ್ಲಿ ಕೆತ್ತಿದ್ದು.

ನನಗೆ ಈ ಸಾಲಿನ ಅಗತ್ಯ ಬಂದದ್ದು ಪಿಎಚ್‌ಡಿ ಕೆಲಸದಿಂದ. ಜಮಖಂಡಿ, ಮುಧೋಳ, ಬೀಳಗಿ, ರಬಕವಿ-ಬನಹಟ್ಟಿ ಭಾಗದ ನೇಕಾರರ ಮಾತಿನಲ್ಲಿರುವ ಕಸುಬಿನ ಪದಗಳನ್ನು ನಾನು ಒಟ್ಟುಗೂಡಿಸುತ್ತಿದ್ದೇನೆ. ಒಂದೇ ಭಾಷೆಯ ಈ ಊರುಗಳು 1948ರವರೆಗೆ ಒಂದೇ ಆಡಳಿತದಲ್ಲಿ ಇರಲಿಲ್ಲ. ಜಮಖಂಡಿ ಪಟವರ್ಧನರದು, ಮುಧೋಳ ಘೋರ್ಪಡೆಯವರದು, ರಬಕವಿ ಸಾಂಗ್ಲಿ ಸಂಸ್ಥಾನದ್ದು. ದರಬಾರಿನ ಕಾಗದಪತ್ರಗಳಲ್ಲಿ ಮರಾಠಿಯೂ ಮೋಡಿ ಲಿಪಿಯೂ ಮೇಲುಗೈ ಪಡೆದಿದ್ದವು. ಮಗ್ಗದ ಮುಂದೆ ಕೂತವರ ಕನ್ನಡ ಆ ಕಡತಗಳೊಳಗೆ ಹೋದದ್ದು ಅಪರೂಪ. ಹಾಗಾಗಿ ಪದಗಳನ್ನು ಬಾಯಿಂದಲೇ ಕೇಳಿ ಬರೆದುಕೊಳ್ಳಬೇಕು. ಬರೆದುಕೊಂಡದ್ದನ್ನು ಹುಡುಕಲು ಬರುವಂತೆ ಜೋಡಿಸಲು ಲ್ಯಾಪ್‌ಟಾಪಿನಲ್ಲೇ ಒಂದು ಪುಟ್ಟ ವೆಬ್‌ತಾಣ ಮಾಡಿಕೊಂಡಿದ್ದೇನೆ. ಅದರ ವಿಳಾಸ 127.0.0.1, ಅಂದರೆ ಈ ಯಂತ್ರವೇ. ತನಗೆ ತಾನೇ ಕಾಗದ ಬರೆದು ತಾನೇ ಓದಿಕೊಳ್ಳುವ ವಿಳಾಸ. 127ರಿಂದ ಶುರುವಾಗುವ 1,67,77,216 ವಿಳಾಸಗಳನ್ನು ಅಂತರ್ಜಾಲ ಕಟ್ಟಿದವರು ಇದೊಂದೇ ಕೆಲಸಕ್ಕೆ ತೆಗೆದಿಟ್ಟಿದ್ದಾರೆ. ವಿಳಾಸಗಳಿಗೆ ಬರ ಬರಬಹುದೆಂದು ಆಗ ಯಾರಿಗೂ ತೋಚಿರಲಿಲ್ಲ.

ಮೊದಲ ಪದ ಸುಡೊ. ಇದು 1980ರ ಸುಮಾರಿಗೆ ಅಮೆರಿಕದ ಬಫಲೋ ನಗರದ ವಿಶ್ವವಿದ್ಯಾಲಯದಲ್ಲಿ ಹುಟ್ಟಿದ್ದು. ಯಂತ್ರದ ಯಜಮಾನನ ಅಧಿಕಾರವನ್ನು ಒಂದು ಆಜ್ಞೆಯ ಮಟ್ಟಿಗೆ ಎರವಲು ಪಡೆಯುವ ಉಪಾಯ ಇದು. ಸರ್ವರಿಗೆ ಈ ಅಧಿಕಾರ ಯಾಕೆ ಬೇಕು? ವೆಬ್ಬಿನ ಬಾಗಿಲು 80ನೆಯ ಪೋರ್ಟು. 1024ಕ್ಕಿಂತ ಕೆಳಗಿನ ಪೋರ್ಟುಗಳನ್ನು ಯುನಿಕ್ಸಿನಲ್ಲಿ ಯಜಮಾನನೇ ತೆರೆಯಬೇಕೆಂಬುದು ರೂಢಿ. ಅಪಾಚೆಯಲ್ಲಿ ಹಿರಿಯ ಪ್ರಕ್ರಿಯೆಯೊಂದು ಯಜಮಾನನ ಹೆಸರಿನಲ್ಲಿ ಬಾಗಿಲು ತೆರೆದು ಕೂರುತ್ತದೆ. ಒಳಗೆ ಪುಟ ಹುಡುಕಿ ತಂದುಕೊಡುವ ಕಿರಿಯ ಪ್ರಕ್ರಿಯೆಗಳಿಗೆ ಆ ಅಧಿಕಾರ ಇರುವುದಿಲ್ಲ. ಹೊರಗಿನವರ ಜೊತೆ ಮಾತಾಡುವವನ ಕೈಗೆ ಕೀಲಿಕೈ ಕೊಡಬಾರದೆಂಬ ಲೆಕ್ಕ.

ಹೀಗೆ ತೆರೆಮರೆಯಲ್ಲಿ ಕೂತು ಕೆಲಸ ಮಾಡುವ ಪ್ರಕ್ರಿಯೆಗಳಿಗೆ ಡೀಮನ್ ಎಂದು ಹೆಸರು. 1963ರ ಹೊತ್ತಿಗೆ ಎಂಐಟಿಯಲ್ಲಿ ಫರ್ನಾಂಡೊ ಕಾರ್ಬಾಟೊ ಅವರ ತಂಡ ಭೌತಶಾಸ್ತ್ರದ ‘ಮ್ಯಾಕ್ಸ್‌ವೆಲ್ಲನ ಡೀಮನ್’ ನೆನೆದು ಈ ಹೆಸರಿಟ್ಟಿತು. ಕಿರುಬಾಗಿಲ ಬಳಿ ಕೂತು ಅಣುಗಳನ್ನು ವಿಂಗಡಿಸುತ್ತಲೇ ಇರುವ ಕಾಲ್ಪನಿಕ ಜೀವಿ ಅದು. ಕನ್ನಡದಲ್ಲಿ ಇದನ್ನು ದೆವ್ವ ಅಂದರೆ ಕೆಟ್ಟದಾಗುತ್ತದೆ. ಶಿವನ ಸುತ್ತ ಓಡಾಡುವ ಗಣ ಅಂದರೆ ಹೆಚ್ಚು ಹತ್ತಿರ. ಆದರೆ ನಮ್ಮ ಪಾರಿಭಾಷಿಕ ಪದಕೋಶ ಮಾಡುವವರು ಇಂಥ ಸಲಿಗೆ ತೆಗೆದುಕೊಳ್ಳುವುದಿಲ್ಲ.

ಎರಡನೆಯ ಪದ ಸಿಸ್ಟಮ್‌ಸಿಟಿಎಲ್ ಎಲ್ಲಕ್ಕಿಂತ ಕಿರಿಯದು, 2010ರಲ್ಲಿ ಬಂದ ಸಿಸ್ಟಮ್‌ಡಿಯ ಭಾಗ. ಕೊನೆಯ ಪದದ ಕಥೆ ಉದ್ದ. ಜಗತ್ತಿನ ಮೊದಲ ವೆಬ್ ಸರ್ವರ್ 1990ರ ಕೊನೆಗೆ ಜಿನೀವಾ ಬಳಿಯ ಸರ್ನ್ ಪ್ರಯೋಗಾಲಯದಲ್ಲಿ ಟಿಮ್ ಬರ್ನರ್ಸ್-ಲೀ ಅವರ ನೆಕ್ಸ್ಟ್ ಕಂಪ್ಯೂಟರಿನಲ್ಲಿ ನಡೆಯಿತು. ಇದು ಸರ್ವರ್, ಯಾರೂ ಆರಿಸಬೇಡಿ ಎಂದು ಆ ಡಬ್ಬಿಯ ಮೇಲೆ ಕೆಂಪು ಶಾಯಿಯಲ್ಲಿ ಕೈಬರಹದ ಚೀಟಿ ಅಂಟಿಸಿದ್ದರು. ವೆಬ್ ಎಂದರೆ ಆಗ ಆ ಒಂದು ಡಬ್ಬಿ. ಅದನ್ನು ಆರಿಸಿದರೆ ವೆಬ್ಬೇ ಆರುತ್ತಿತ್ತು. ಆಮೇಲೆ ಇಲಿನಾಯ್ ವಿಶ್ವವಿದ್ಯಾಲಯದ ಎನ್‌ಸಿಎಸ್‌ಎ ಕೇಂದ್ರದಲ್ಲಿ ರಾಬ್ ಮೆಕೂಲ್ ಬರೆದ ಸರ್ವರ್ ಎಲ್ಲೆಡೆ ಹಬ್ಬಿತು. 1994ರಲ್ಲಿ ಅವರು ಅಲ್ಲಿಂದ ಹೊರಟುಹೋದರು. ಬಳಸುತ್ತಿದ್ದವರು ತಂತಮ್ಮ ಊರಲ್ಲಿ ಹರಿದಲ್ಲೆಲ್ಲ ತೇಪೆ ಹಾಕಿಕೊಂಡರು. 1995ರ ಫೆಬ್ರುವರಿಯಲ್ಲಿ ಎಂಟು ಜನ ಸೇರಿ ಈ ತೇಪೆಗಳನ್ನೆಲ್ಲ ಒಟ್ಟು ಹೊಲಿದರು. ಅದೇ ಅಪಾಚೆ. ಹೆಸರು ಅಮೆರಿಕದ ಮೂಲನಿವಾಸಿ ಬುಡಕಟ್ಟಿನದು. ಇಂಗ್ಲಿಷಿನಲ್ಲಿ ತೇಪೆಯುಳ್ಳದ್ದು ಎಂದೂ ಕೇಳಿಸುವ ಶ್ಲೇಷೆ ಬೇರೆ. ವಿಎಸ್‌ಎನ್‌ಎಲ್ ಭಾರತದ ಸಾರ್ವಜನಿಕರಿಗೆ ಇಂಟರ್ನೆಟ್ ತೆರೆದದ್ದೂ ಅದೇ 1995ರ ಆಗಸ್ಟ್ 15ಕ್ಕೆ. ಕೌದಿ ಹೊಲಿಯುವ ಸೀಮೆಯವರಿಗೆ ಅಪಾಚೆಯ ಹುಟ್ಟನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇನ್ನು ರೀಸ್ಟಾರ್ಟ್. ಸರ್ವರ್ ತನ್ನ ನಿಯಮಗಳ ಕಡತವನ್ನು ಶುರುವಾಗುವಾಗ ಒಮ್ಮೆ ಓದಿ ಮನಸ್ಸಿನಲ್ಲಿ ಇಟ್ಟುಕೊಳ್ಳುತ್ತದೆ. ಆಮೇಲೆ ನೀವು ಕಡತ ತಿದ್ದಿದರೆ ಅದಕ್ಕೆ ಗೊತ್ತಾಗುವುದಿಲ್ಲ. ಮತ್ತೆ ಓದಿಸಬೇಕು. ಓದಿಸುವುದಕ್ಕೆ ಯುನಿಕ್ಸ್ ಬಳಸಿದ ಸಂಕೇತದ ಹೆಸರು ಹ್ಯಾಂಗಪ್, ಅದರ ಸಂಖ್ಯೆ 1. ಟೆಲಿಫೋನ್ ಕೆಳಗಿಡುವುದು ಎಂದು ಆ ಪದದ ಅರ್ಥ. ದೂರದ ಕಂಪ್ಯೂಟರಿಗೆ ಜನ ಫೋನ್ ತಂತಿಯ ಮೂಲಕ ಟೆಲಿಟೈಪ್ ಜೋಡಿಸುತ್ತಿದ್ದ ಕಾಲದಲ್ಲಿ ತಂತಿ ಕಡಿದರೆ ಆ ಕಡೆ ನಡೆಯುತ್ತಿದ್ದ ಪ್ರೋಗ್ರಾಂಗಳಿಗೆ ಈ ಸಂಕೇತ ಹೋಗುತ್ತಿತ್ತು. ಮಾತಾಡುವವನು ಹೋದ, ನೀನೂ ಮುಗಿಸು ಎಂದು. ಡೀಮನ್‌ಗಳಿಗೆ ಮಾತಾಡುವವನೇ ಇಲ್ಲವಲ್ಲ! ಅವುಗಳ ಪಾಲಿಗೆ ಈ ಸಂಕೇತ ಕೆಲಸವಿಲ್ಲದೆ ಉಳಿಯಿತು. ಉಳಿದದ್ದನ್ನು ಕಡತ ಮತ್ತೆ ಓದು ಎಂಬ ಅರ್ಥಕ್ಕೆ ಬಳಸಿಕೊಂಡರು. ಪದ ಉಳಿದು ಅರ್ಥ ಬದಲಾಗುವುದನ್ನು ಭಾಷಾವಿಜ್ಞಾನದ ತರಗತಿಯಲ್ಲಿ ಓದುತ್ತೇವೆ. ಯಂತ್ರದೊಳಗೂ ಅದು ಹಾಗೆಯೇ ನಡೆಯುತ್ತದೆ.

ಹ್ಯಾಂಗಪ್ ಬಂದಾಗ ಅಪಾಚೆಯ ಹಿರಿಯ ಪ್ರಕ್ರಿಯೆ ಕಿರಿಯರನ್ನೆಲ್ಲ ಅಲ್ಲೇ ನಿಲ್ಲಿಸಿ, ಕಡತ ಓದಿ, ಹೊಸಬರನ್ನು ಕೂರಿಸುತ್ತದೆ. ಇದಕ್ಕಿಂತ ಮೆತ್ತನೆಯ ವಿಧಾನವೊಂದಿದೆ, ಗ್ರೇಸ್‌ಫುಲ್ ಎನ್ನುತ್ತಾರೆ. ಕೈಯಲ್ಲಿರುವ ಕೆಲಸ ಮುಗಿಸಿ ಏಳಿ ಎಂದು ಕಿರಿಯರಿಗೆ ಹೇಳುವುದು, ಎದ್ದವನ ಜಾಗಕ್ಕೆ ಹೊಸಬನನ್ನು ಕೂರಿಸುವುದು. ಸಿಸ್ಟಮ್‌ಸಿಟಿಎಲ್‌ಗೆ ರೀಲೋಡ್ ಅಂದರೆ ಉಬುಂಟುವಿನ ಅಪಾಚೆ ನಡೆಯುವುದು ಹೀಗೆ. ರೀಸ್ಟಾರ್ಟ್ ಅಂದರೆ ಪೂರ್ತಿ ನಿಲ್ಲಿಸಿ ಮತ್ತೆ ಶುರುಮಾಡುವುದು. ಬನಹಟ್ಟಿಯಲ್ಲಿ ಹಾಸು ಮುಗಿಯುತ್ತ ಬಂದಾಗ ಮಾಡುವುದೂ ಈ ಮೆತ್ತನೆಯ ಕೆಲಸವೇ. ಹಳೆಯ ಎಳೆಗಳನ್ನು ಮಗ್ಗದಿಂದ ಪೂರ್ತಿ ಎಳೆದು ತೆಗೆಯುವುದಿಲ್ಲ. ತುದಿಗಳನ್ನು ಬಿಟ್ಟು, ಒಂದೊಂದಕ್ಕೂ ಹೊಸ ಹಾಸಿನ ಒಂದೊಂದು ಎಳೆಯನ್ನು ಹೊಸೆಯುತ್ತ ಹೋಗುತ್ತಾರೆ. ಹೊಸೆದಾದ ಮೇಲೆ ಮುಂದಕ್ಕೆ ಎಳೆದರೆ ಹಳೆಯದು ಹೊಸದನ್ನು ತನ್ನ ದಾರಿಯಲ್ಲೇ ಕರೆದುಕೊಂಡು ಬರುತ್ತದೆ. ಸಾವಿರಾರು ಎಳೆಗಳನ್ನು ಮತ್ತೆ ಒಂದೊಂದಾಗಿ ಪೋಣಿಸುವ ಪ್ರಮೇಯವಿಲ್ಲ.

ಅಲ್ಲಿಯ ಹಿರಿಯ ನೇಕಾರರೊಬ್ಬರು ನನ್ನ ಲ್ಯಾಪ್‌ಟಾಪ್ ನೋಡಿ ಕೇಳಿದ ಪ್ರಶ್ನೆ ಇದು: “ಕರೆಂಟ್ ಹೋಗಿ ಬಂದ್ರ ಇದಕ್ಕ ಎಲ್ಲಿ ನಿಂತಿದ್ದೆ ಅಂತ ನೆನಪಿರತೈತೇನ ಯವ್ವಾ?” ಕೇಳಿದ್ದಕ್ಕೆ ಕಾರಣವಿದೆ. ಜಕಾರ್ಡ್ ಇರುವ ವಿದ್ಯುತ್ ಮಗ್ಗ ನಡುವೆ ನಿಂತರೆ ಲಾಳಿ ಎಲ್ಲಿತ್ತು, ಮೇಲಿನ ರಟ್ಟಿನ ಕಾರ್ಡುಗಳ ಸರದಲ್ಲಿ ಎಷ್ಟನೆಯದು ಬಂದಿತ್ತು ಎಂದು ಮೊದಲು ನೋಡಬೇಕು. ಅರ್ಧ ಬಿದ್ದ ಹೊಕ್ಕನ್ನು ಬಿಚ್ಚಬೇಕು, ಕಾರ್ಡನ್ನು ಹಿಂದಕ್ಕೆ ತಿರುಗಿಸಬೇಕು. ಒಂದು ಕಾರ್ಡು ತಪ್ಪಿದರೆ ದಡಿಯ ಹೂವು ಅಲ್ಲಿಗೆ ಮುರಿಯಿತು. ಎಲ್ಲ ಸರಿ ಮಾಡಿದರೂ ಕೆಲವು ಸಲ ಮಗ್ಗ ಮತ್ತೆ ಹೊರಟ ಜಾಗದಲ್ಲಿ ಅಡ್ಡಕ್ಕೆ ಒಂದು ಗೆರೆ ಬಟ್ಟೆಯಲ್ಲಿ ಉಳಿಯುತ್ತದೆ. ಆ ಗೆರೆಗೆ ಬೆಲೆಯಲ್ಲಿ ಕಡಿತ ಬೀಳಬಹುದು.

ವೆಬ್ ಸರ್ವರಿಗೆ ಈ ಕಷ್ಟವಿಲ್ಲ, ಯಾಕೆಂದರೆ ಅದಕ್ಕೆ ನೆನಪೇ ಇಲ್ಲ. ಎಚ್‌ಟಿಟಿಪಿ ಎಂಬ ಒಪ್ಪಂದವನ್ನು ಬರ್ನರ್ಸ್-ಲೀ ಹಾಗೆ ರೂಪಿಸಿದರು. ಪ್ರತಿ ಬೇಡಿಕೆಯೂ ತನ್ನಷ್ಟಕ್ಕೆ ಪೂರ್ಣ. ಕೇಳಿದ ಪುಟ ಕೊಟ್ಟಾದ ಮೇಲೆ ಕೇಳಿದವರು ಯಾರು, ಹಿಂದೆ ಏನು ಕೇಳಿದ್ದರು ಎಂಬುದು ಸರ್ವರಿಗೆ ಬೇಕಿಲ್ಲ. ಮರೆವೇ ಅದರ ಬಲ. ಕೊಂದು ಎಬ್ಬಿಸಿದರೂ ಬಟ್ಟೆಯಲ್ಲಿ ಗೆರೆ ಬೀಳುವುದಿಲ್ಲ. ನೆನಪಿಡುವ ಕೆಲಸ ಅದರ ಬೆನ್ನಿಗಿರುವ ಡೇಟಾಬೇಸಿನದು. ಅದು ಮಾತ್ರ ನೇಕಾರನಂತೆಯೇ, ಬದಲಾವಣೆ ಮಾಡುವ ಮುಂಚೆ ಏನು ಮಾಡಲಿದ್ದೇನೆಂದು ಪುಸ್ತಕದಲ್ಲಿ ಗುರುತು ಹಾಕಿಕೊಳ್ಳುತ್ತದೆ. ಕರೆಂಟ್ ಬಂದ ಮೇಲೆ ಆ ಗುರುತು ನೋಡಿ ಅರ್ಧವಾದದ್ದನ್ನು ಬಿಚ್ಚುತ್ತದೆ. ಅಜ್ಜನವರಿಗೆ ಹೀಗೇ ಹೇಳಿದೆ. ಹಾಗಾದ್ರ ಎರಡು ಮಂದಿ ಅದಾರ ಅನ್ನು, ಎಂದರು. ಸರ್ವರ್ ಮತ್ತು ಡೇಟಾಬೇಸಿನ ವ್ಯತ್ಯಾಸವನ್ನು ಇಷ್ಟು ಚೊಕ್ಕವಾಗಿ ಹೇಳಿದ ಪಠ್ಯಪುಸ್ತಕ ನಾನು ನೋಡಿಲ್ಲ.

ಜಕಾರ್ಡ್ ಹೆಸರು ಬಂದ ಮೇಲೆ ಕಂಪ್ಯೂಟರಿಗೂ ಮಗ್ಗಕ್ಕೂ ಇರುವ ನಂಟನ್ನು ಹೇಳದೆ ಇರಲಾಗದು. ಆದರೆ ಹಿಗ್ಗಿಸಿಯೂ ಹೇಳಬಾರದು. ಫ್ರಾನ್ಸಿನ ಲಿಯಾನ್ ನಗರದ ಜೋಸೆಫ್ ಮಾರಿ ಜಕಾರ್ಡ್ ತನ್ನ ಯಂತ್ರ ತಂದದ್ದು 1804ರಲ್ಲಿ. ಅವನಿಗಿಂತ ಮೊದಲೇ ಅದೇ ಊರಿನ ಬಾಸಿಲ್ ಬೂಶೋನ್ 1725ರಲ್ಲಿ ತೂತು ಕೊರೆದ ಕಾಗದದಿಂದ ಎಳೆಗಳನ್ನು ಆರಿಸುವ ಉಪಾಯ ಕಂಡಿದ್ದ. ಒಂದು ಕಾರ್ಡು ಒಂದು ಹೊಕ್ಕಿಗೆ. ತೂತು ಇದ್ದಲ್ಲಿ ಸೂಜಿ ಹಾಯುತ್ತದೆ, ಎಳೆ ಮೇಲೇಳುತ್ತದೆ. ಇಲ್ಲದಲ್ಲಿ ಏಳುವುದಿಲ್ಲ. ಲಂಡನ್ನಿನ ಚಾರ್ಲ್ಸ್ ಬ್ಯಾಬೇಜ್ ತನ್ನ ಲೆಕ್ಕದ ಯಂತ್ರಕ್ಕೆ ಇದೇ ಕಾರ್ಡುಗಳನ್ನು ಬಳಸುವ ಯೋಚನೆ ಮಾಡಿದ. 1843ರಲ್ಲಿ ಏಡಾ ಲವ್‌ಲೇಸ್ ಆ ಯಂತ್ರದ ಬಗ್ಗೆ ಬರೆಯುವಾಗ ಮಗ್ಗದ ಹೋಲಿಕೆ ತಂದಳು. ಇಷ್ಟು ನಿಜ. ಮಗ್ಗವೇ ಮೊದಲ ಕಂಪ್ಯೂಟರ್ ಎಂಬ ಮಾತು ಮಾತ್ರ ನನಗೆ ಒಪ್ಪಿಗೆಯಿಲ್ಲ. ಜಕಾರ್ಡ್ ಏನನ್ನೂ ಎಣಿಸುವುದಿಲ್ಲ, ಹೀಗಾದರೆ ಹಾಗೆ ಮಾಡು ಎಂದು ನಿರ್ಧರಿಸುವುದಿಲ್ಲ. ಬರೆದದ್ದನ್ನು ಓದುತ್ತದೆ. ಈ ಕಥೆಯನ್ನು ಸಡಗರದಿಂದ ಹೇಳುವವರು 1831 ಮತ್ತು 1834ರಲ್ಲಿ ಲಿಯಾನಿನ ರೇಷ್ಮೆ ನೇಕಾರರು ಕೂಲಿಗಾಗಿ ದಂಗೆಯೆದ್ದದ್ದನ್ನು ಸಾಮಾನ್ಯವಾಗಿ ಬಿಟ್ಟುಬಿಡುತ್ತಾರೆ ಎಂಬುದೂ ಗಮನಿಸತಕ್ಕದ್ದು.

ನಂಟು ನಿಜವಾಗಿ ಉಳಿದಿರುವುದು ಬೇರೆಡೆ. ಕಾರ್ಡುಗಳು 1890ರ ಅಮೆರಿಕದ ಜನಗಣತಿಗೆ ಹರ್ಮನ್ ಹಾಲರಿತ್ ಕೈಯಲ್ಲಿ ಬಂದವು. 1928ರಲ್ಲಿ ಐಬಿಎಂ ಒಂದು ಕಾರ್ಡಿಗೆ 80 ಕಾಲಮ್ಮು ಎಂದು ಗೊತ್ತುಮಾಡಿತು. ಒಂದು ಕಾಲಮ್ಮಿಗೆ ಒಂದು ಅಕ್ಷರ. 1978ರ ವಿಟಿ100 ಟರ್ಮಿನಲ್ಲಿನ ಪರದೆಯೂ 80 ಕಾಲಮ್ಮು, 24 ಸಾಲು. ಇವತ್ತು ಉಬುಂಟುವಿನಲ್ಲಿ ಕಪ್ಪು ಕಿಟಕಿ ತೆರೆದರೆ ಅದರ ಅಗಲ 80. ಕಾರ್ಡು ಹೋಗಿ ದಶಕಗಳಾದರೂ ಅದರ ಅಳತೆ ಹೋಗಿಲ್ಲ.

ಕನ್ನಡಕ್ಕೆ ತೊಡಕಾದದ್ದು ಈ ಅಳತೆಯೇ. ಟರ್ಮಿನಲ್ಲು ಚೌಕಾಬಾರದ ಮನೆಗಳಂತೆ ಸಮಾನ ಮನೆಗಳ ಹಾಳೆ. ಒಂದು ಮನೆಗೆ ಒಂದು ಅಕ್ಷರ ಎಂದು ಅದು ನಂಬಿದೆ. ಕನ್ನಡದ ಒತ್ತು ಕೆಳಗೆ ಇಳಿಯುತ್ತದೆ, ದೀರ್ಘ ಪಕ್ಕಕ್ಕೆ ಚಾಚುತ್ತದೆ, ಕೆಲವು ಅಕ್ಷರಗಳಿಗೆ ಒಂದು ಮನೆ ಸಾಲದು. ಹಾಗಾಗಿ ಅನೇಕ ಟರ್ಮಿನಲ್ಲುಗಳಲ್ಲಿ ಕನ್ನಡ ಕಡಿದು, ಒಂದರ ಮೇಲೊಂದು ಬಿದ್ದು, ಇಲ್ಲವೇ ನಡುವೆ ಗಾಳಿ ಬಿಟ್ಟುಕೊಂಡು ಕಾಣುತ್ತದೆ. ಈ ತೊಡಕನ್ನು ನೇರವಾಗಿ ಎದುರಿಸಿದವರು ನಮ್ಮಲ್ಲಿದ್ದರು. 1980ರ ದಶಕದಲ್ಲಿ ಐಐಟಿ ಕಾನ್ಪುರದಲ್ಲಿ ಮೋಹನ್ ತಾಂಬೆ ಮತ್ತು ಸಂಗಡಿಗರು ಶುರುಮಾಡಿ, ಪುಣೆಯ ಸಿ-ಡ್ಯಾಕ್‌ನಲ್ಲಿ ಬೆಳೆದ ಜಿಸ್ಟ್ ಕಾರ್ಡನ್ನು ಕಂಪ್ಯೂಟರಿಗೆ ಸಿಕ್ಕಿಸಿದರೆ ಡಾಸ್‌ನ ಅಕ್ಷರ ಪರದೆಯಲ್ಲೇ ಭಾರತೀಯ ಲಿಪಿಗಳು ಮೂಡುತ್ತಿದ್ದವು. ಆಮೇಲೆ ವಿಂಡೋಸ್ ಬಂತು, ಬರಹ ಬಂತು, ನುಡಿ ಬಂತು. ಕನ್ನಡಿಗರು ಕಪ್ಪು ಕಿಟಕಿಯನ್ನು ಬಿಟ್ಟು ಚಿತ್ರದ ಕಿಟಕಿಗೆ ಹೋದರು. ಅದು ಸಹಜ. ಆದರೆ ಸರ್ವರ್ ಆಳುವವರು ಇಂದಿಗೂ ಕೂರುವುದು ಕಪ್ಪು ಕಿಟಕಿಯ ಮುಂದೆ. ಕನ್ನಡದ ತಾಣಗಳನ್ನು ಕಾಯುವವರಿಗೇ ಅಲ್ಲಿ ಕನ್ನಡ ಓದಲು ಬಾರದಂತಾಗಿದೆ.

ನನ್ನ ಸಂಗ್ರಹದಲ್ಲಿ ಊರಿನ ಹೆಸರಿಗೊಂದು ಪುಟವಿದೆ. ಮುಧೋಳದ ಪುಟದಿಂದ ರನ್ನನ ಪುಟಕ್ಕೆ ಕೊಂಡಿ. ಮುದುವೊಳಲಿನ ಬಳೆಗಾರರ ಮನೆಯಲ್ಲಿ ಹುಟ್ಟಿ, 993ರಲ್ಲಿ ಅಜಿತಪುರಾಣ ಮುಗಿಸಿ, ತೈಲಪನ ಆಸ್ಥಾನದಲ್ಲಿ ಕವಿಚಕ್ರವರ್ತಿ ಎನಿಸಿದವನು. ಅವನನ್ನು ಪೋಷಿಸಿದ ಅತ್ತಿಮಬ್ಬೆ ಪೊನ್ನನ ಶಾಂತಿಪುರಾಣದ 1000 ಪ್ರತಿ ಮಾಡಿಸಿ ಹಂಚಿದಳೆಂಬುದು ಎಲ್ಲರೂ ಬಲ್ಲ ಸಂಗತಿ. ಕೇಳಿದವರಿಗೆ ಗ್ರಂಥ ತಲುಪಿಸುವ ಕೆಲಸ ಈ ನಾಡಿಗೆ ಹೊಸದಲ್ಲ. ಆದರೆ ನನ್ನ ಪದಗಳು 127.0.0.1ರಲ್ಲೇ ಕೂತಿವೆ. ಈ ಯಂತ್ರದ ಆಚೆ ಅವು ಯಾರಿಗೂ ಕಾಣವು. ಹೇಳಿಕೊಟ್ಟ ನೇಕಾರರಿಗೂ ಕಾಣವು. ಅವರಲ್ಲಿ ಹಲವರ ಮನೆಯ ಮಕ್ಕಳು ಮಗ್ಗಕ್ಕೆ ಕೂರುತ್ತಿಲ್ಲ, ಎಳೆ ಹೊಸೆಯುವುದಕ್ಕೆ ಇರುವ ಹೆಸರು ಅವರಿಗೆ ಬೇಕಾಗಿಲ್ಲ. ಪ್ರಬಂಧ ಒಪ್ಪಿಸುವ ಮುಂಚೆ ಈ ತಾಣವನ್ನು ಹೊರಗಿನ ವಿಳಾಸಕ್ಕೆ ಸಾಗಿಸುವ ಕೆಲಸಕ್ಕೆ ಈಗ ಕೈಹಾಕಿದ್ದೇನೆ.

ಅದಕ್ಕಾಗಿ ಸರ್ವರಿನ ದಿನಚರಿ ಕಡತ ಓದಬೇಕಾಗುತ್ತದೆ. ಯಾವ ಪುಟವನ್ನು ಯಾವಾಗ ಕೇಳಿದರು ಎಂದು ಅಪಾಚೆ ಅಲ್ಲಿ ಸಾಲುಸಾಲಾಗಿ ಬರೆದಿಡುತ್ತದೆ. ರನ್ನ ಎಂಬುದು ನಮಗೆ ಎರಡಕ್ಷರ. ಯುನಿಕೋಡಿಗೆ ಅದು ರ, ನ, ವಿರಾಮ ಚಿಹ್ನೆ, ಮತ್ತೊಂದು ನ, ಒಟ್ಟು ನಾಲ್ಕು. ಯುನಿಕ್ಸ್ ಕಟ್ಟಿದ ಕೆನ್ ಥಾಂಪ್ಸನ್ ಅವರೇ ರಾಬ್ ಪೈಕ್ ಜೊತೆ 1992ರಲ್ಲಿ ರೂಪಿಸಿದ ಯುಟಿಎಫ್-8ರ ಪ್ರಕಾರ ಕನ್ನಡದ ಒಂದೊಂದಕ್ಕೂ ಮೂರು ಬೈಟು, ಅಂದರೆ 12. ವೆಬ್ ವಿಳಾಸದಲ್ಲಿ ಒಂದೊಂದು ಬೈಟನ್ನೂ ಶೇಕಡಾ ಚಿಹ್ನೆ ಮತ್ತು ಎರಡು ಅಂಕಿ-ಅಕ್ಷರಗಳಲ್ಲಿ ಬರೆಯಬೇಕು, ಅಂದರೆ 36. ಕಪ್ಪು ಕಿಟಕಿಯ 80 ಮನೆಗಳ ಸಾಲಿನಲ್ಲಿ ಮುಧೋಳದ ಕವಿಯ ಹೆಸರು ಎರಡು ಸಲ ಹಿಡಿಯುತ್ತದೆ, ಆಗ 72 ಮನೆ ತುಂಬುತ್ತವೆ. ಹಳೆಯ ಟೆಲಿಟೈಪ್ 33 ಯಂತ್ರದ ಕಾಗದದ ಮೇಲೆ ಒಂದು ಸಾಲಿಗೆ ಹಿಡಿಯುತ್ತಿದ್ದದ್ದೂ ಸರಿಯಾಗಿ 72 ಅಕ್ಷರ.