ಸೆಂಟ್ರಲ್ ಕಾಲೇಜಿನ ಮೈದಾನ

ಕಳೆದ ವಾರ ಹಳೆಯ ವಿದ್ಯಾರ್ಥಿಯೊಬ್ಬ ವೇಮಗಲ್‌ನ ನಮ್ಮ ಮನೆಗೆ ಬಂದಿದ್ದ. ಮಾತಿನ ನಡುವೆ, "ಸಾರ್, ಚಿನ್ನಸ್ವಾಮಿ ಕ್ರೀಡಾಂಗಣ ಬರುವ ಮೊದಲು ಬೆಂಗಳೂರಿನಲ್ಲಿ ರಣಜಿ ಪಂದ್ಯಗಳನ್ನು ಎಲ್ಲಿ ಆಡುತ್ತಿದ್ದರು?" ಎಂದು ಕೇಳಿದ. ಒಂದು ಕಾಲೇಜಿನ ಮೈದಾನದಲ್ಲಿ ಎಂದರೆ ಅವನಿಗೆ ನಂಬಿಕೆಯೇ ಬರಲಿಲ್ಲ. ಅವನಿಗೆ ಹೇಳಿದ್ದನ್ನೇ ಇಲ್ಲಿ ತುಸು ವಿವರವಾಗಿ ಬರೆಯುತ್ತಿದ್ದೇನೆ.

ಮೈಸೂರು ಬ್ಯಾಂಕ್ ವೃತ್ತದ ಸಮೀಪದ ಈ ವಿದ್ಯಾಸಂಸ್ಥೆ 1858ರಲ್ಲಿ ಪ್ರೌಢಶಾಲೆಯಾಗಿ ಆರಂಭವಾಗಿ, 1875ರಲ್ಲಿ ಸೆಂಟ್ರಲ್ ಕಾಲೇಜು ಎನಿಸಿತು. ಮೊದಲು ಮದರಾಸು ವಿಶ್ವವಿದ್ಯಾನಿಲಯಕ್ಕೆ ಸೇರಿದ್ದು, 1916ರಲ್ಲಿ ಮೈಸೂರು ವಿಶ್ವವಿದ್ಯಾನಿಲಯದ, 1964ರಲ್ಲಿ ಬೆಂಗಳೂರು ವಿಶ್ವವಿದ್ಯಾನಿಲಯದ ಅಂಗವಾಯಿತು. ಬಹುಕಾಲ ನಮ್ಮ ಕೋಲಾರ ಜಿಲ್ಲೆಯಲ್ಲಿದ್ದು, 2007ರಲ್ಲಿ ಚಿಕ್ಕಬಳ್ಳಾಪುರ ಜಿಲ್ಲೆಗೆ ಸೇರಿದ ಮುದ್ದೇನಹಳ್ಳಿಯ ವಿಶ್ವೇಶ್ವರಯ್ಯನವರು 1881ರಲ್ಲಿ ಬಿ.ಎ. ಮುಗಿಸಿದ್ದು ಇಲ್ಲಿಯೇ.

ಮೈಸೂರು ರಾಜ್ಯ ಕ್ರಿಕೆಟ್ ಸಂಸ್ಥೆ ಹುಟ್ಟಿದ್ದು 1933ರಲ್ಲಿ. ಮರುವರ್ಷ ನವೆಂಬರ್ 4ರಂದು ರಣಜಿ ಪಂದ್ಯಾವಳಿಯ ಮೊತ್ತಮೊದಲ ಪಂದ್ಯದಲ್ಲಿ ನಮ್ಮ ತಂಡ ಮದರಾಸಿನ ಚೆಪಾಕ್‌ನಲ್ಲಿ ಒಂದೇ ದಿನದೊಳಗೆ ಸೋತಿತು. ಸಂಸ್ಥೆಗೆ ಆಗ ಸ್ವಂತ ಕ್ರೀಡಾಂಗಣವಿರಲಿಲ್ಲ. ಹಲವು ದಶಕಗಳ ಕಾಲ ಅದಕ್ಕೆ ಆಸರೆಯಾದದ್ದು ಸೆಂಟ್ರಲ್ ಕಾಲೇಜಿನ ಮೈದಾನ. ಆ ಕಾಲದಲ್ಲಿ ದಕ್ಷಿಣದ ಅನೇಕ ಮೈದಾನಗಳಲ್ಲಿ ತೆಂಗಿನ ನಾರಿನ ಚಾಪೆ ಹಾಸಿ ಆಡುವ ರೂಢಿಯಿತ್ತು. ಅದರ ಮೇಲೆ ಚೆಂಡು ಚೆನ್ನಾಗಿ ತಿರುಗುತ್ತಿತ್ತು. ನಮ್ಮ ನಾಡು ಸ್ಪಿನ್ ಬೌಲರುಗಳಿಗೆ ಹೆಸರಾದುದಕ್ಕೆ ಇದೂ ಒಂದು ಕಾರಣ.

ಹೊಸ ಕ್ರೀಡಾಂಗಣಕ್ಕೆ 1969ರಲ್ಲಿ ಶಂಕುಸ್ಥಾಪನೆಯಾಯಿತು. 1973-74ರಲ್ಲಿ ಕರ್ನಾಟಕವು ಸತತ ಹದಿನೈದು ವರ್ಷಗಳ ಮುಂಬಯಿ ಆಧಿಪತ್ಯವನ್ನು ಮುರಿದು ರಣಜಿ ಟ್ರೋಫಿ ಗೆದ್ದಿತು. 1974ರ ನವೆಂಬರಿನಲ್ಲಿ ಅಲ್ಲಿ ವೆಸ್ಟ್ ಇಂಡೀಸ್ ಎದುರು ಬೆಂಗಳೂರಿನ ಮೊದಲ ಟೆಸ್ಟ್ ಪಂದ್ಯವೂ ನಡೆಯಿತು. ದೊಡ್ಡ ಪಂದ್ಯಗಳು ಕಾಲೇಜಿನ ಮೈದಾನವನ್ನು ಬಿಟ್ಟು ಹೋದವು.

ನಾನು ಬಿ.ಇಡ್. ಓದಲು ಬೆಂಗಳೂರಿಗೆ ಹೋಗಿದ್ದಾಗ, ಮೆಜೆಸ್ಟಿಕ್‌ನಿಂದ ನಡೆದುಕೊಂಡು ಬಂದು ಆ ಮೈದಾನದ ಅಂಚಿನಲ್ಲಿ ಎಷ್ಟೋ ಸಂಜೆ ಕುಳಿತದ್ದುಂಟು. ಟಿಕೆಟ್ಟಿಲ್ಲ, ಗ್ಯಾಲರಿಯಿಲ್ಲ. ಒಂದೇ ಅಂಗಳದಲ್ಲಿ ಮೂರು ನಾಲ್ಕು ಆಟಗಳು ಒಟ್ಟಿಗೆ ನಡೆಯುತ್ತಿದ್ದವು. ಮೈದಾನ ತನ್ನ ಮಕ್ಕಳಿಗೆ ಮರಳಿ ದಕ್ಕಿದೆ ಎಂದು ನನಗೆ ಅನ್ನಿಸುತ್ತಿತ್ತು.

ಇದನ್ನು ಬರೆಯುವಾಗ ಒಂದು ತಪ್ಪೊಪ್ಪಿಗೆಯೂ ಉಂಟು. ನಾನು ಕೆಲಸ ಮಾಡಿದ ಶಾಲೆಯೊಂದರಲ್ಲಿ ಕೊಠಡಿಗಳು ಸಾಲದೆಂದು ಆಟದ ಬಯಲಿನ ಅರ್ಧಭಾಗದಲ್ಲಿ ಕಟ್ಟಡವೆಬ್ಬಿಸುವ ಮಾತು ಬಂತು. ಅಧ್ಯಾಪಕರ ಸಭೆಯಲ್ಲಿ ದೈಹಿಕ ಶಿಕ್ಷಕರೊಬ್ಬರೇ ವಿರೋಧಿಸಿದರು. ಪಾಠವೇ ಮುಖ್ಯವೆಂದು ನಂಬಿದ್ದ ನಾನು ಸುಮ್ಮನಿದ್ದೆ. ಕೊಠಡಿಗಳು ಎದ್ದವು. ಮರುವರ್ಷದಿಂದ ಹುಡುಗರು ಖೋ ಖೋ ಆಡಲು ರಸ್ತೆಯಾಚೆಯ ಕೆರೆಯಂಗಳಕ್ಕೆ ಹೋಗುವಂತಾಯಿತು. ಹೆಣ್ಣುಮಕ್ಕಳು ಆಟವನ್ನೇ ಬಿಟ್ಟರು. ಕೊಠಡಿಯನ್ನು ಮಹಡಿಯ ಮೇಲೂ ಕಟ್ಟಬಹುದಿತ್ತು, ಬಯಲನ್ನು ಕಟ್ಟಲಾಗದು ಎಂಬುದು ನನಗೆ ಹೊಳೆದದ್ದು ತಡವಾಗಿ.

ಇಂದು ವೇಮಗಲ್, ನರಸಾಪುರಗಳ ಸುತ್ತ ಕಾರ್ಖಾನೆಗಳೆದ್ದು ನೆಲದ ಬೆಲೆ ಏರಿದೆ. ಖಾಲಿ ಬಯಲು ಎಲ್ಲರ ಕಣ್ಣಿಗೂ ಬೀಳುತ್ತದೆ. ನನ್ನ ವಿದ್ಯಾರ್ಥಿಗಳಲ್ಲಿ ಕೆಲವರು ಈಗ ಶಾಲಾಭಿವೃದ್ಧಿ ಸಮಿತಿಗಳಲ್ಲಿದ್ದೀರಿ. ಅಂಥ ಮಾತು ನಿಮ್ಮ ಮುಂದೆ ಬಂದಾಗ ನಿಮ್ಮ ಮೇಷ್ಟರಂತೆ ಸುಮ್ಮನಿರಬೇಡಿ.