ಫ್ಲಾರೆನ್ಸಿನ ಪ್ಲೇಗು, ಚಾಂಪಿಯನ್ ರೀಫ್ಸ್‌ನ ಬೆರಳಚ್ಚು

ಕನ್ನಡದ ಓದುಗರಿಗೆ ಪ್ಲೇಗಿನ ಪರಿಚಯ ಮಾಡಿಕೊಟ್ಟವರು ಕಾದಂಬರಿಕಾರರು. ‘ಸಂಸ್ಕಾರ’ದ ಅಗ್ರಹಾರದಲ್ಲಿ ಇಲಿಗಳು ಸತ್ತು ಬೀಳುತ್ತವೆ, ‘ಗೃಹಭಂಗ’ದ ನಂಜಮ್ಮ ಬೆಳೆದ ಮಕ್ಕಳಿಬ್ಬರನ್ನು ಒಬ್ಬರ ಹಿಂದೊಬ್ಬರಂತೆ ಕಳೆದುಕೊಳ್ಳುತ್ತಾಳೆ. ಅದೇ ಕಾಯಿಲೆಯನ್ನು ಚರಿತ್ರೆಕಾರರು ಹೇಗೆ ಓದಿದರು ಎಂಬ ಮಾತು ನಮ್ಮಲ್ಲಿ ಅಷ್ಟಾಗಿ ಬಂದಿಲ್ಲ. ಬಂದಿದ್ದರೆ ಒಂದು ಸೋಜಿಗ ಬಹಳ ಹಿಂದೆಯೇ ಕಣ್ಣಿಗೆ ಬೀಳುತ್ತಿತ್ತು. 1348ರ ಯೂರೋಪಿನ ಮಹಾಮಾರಿಯನ್ನು ಅಳೆಯಲು ವಿದ್ವಾಂಸರು ಬಹುಕಾಲ ಹಿಡಿದ ಅಳತೆಗೋಲು ನಮ್ಮ ದೇಶದ್ದು.

1896ರಲ್ಲಿ ಮುಂಬಯಿಗೆ ಪ್ಲೇಗು ಬಂತು. ಎರಡು ವರ್ಷ ಕಳೆಯುವಷ್ಟರಲ್ಲಿ ಪಾಲ್ ಲೂಯಿ ಸೀಮೋಂ ಇಲಿಯ ಮೈಮೇಲಿನ ಚಿಗಟದ ಪಾತ್ರವನ್ನು ಗುರುತಿಸಿದ. ಇಲಿ ಮೊದಲು ಸಾಯುತ್ತದೆ, ಆಮೇಲೆ ಮನುಷ್ಯ. ರೋಗ ಮೆಲ್ಲಗೆ ಹರಡುತ್ತದೆ. ಹವೆ ಬದಲಾದರೆ ಇಳಿಯುತ್ತದೆ. ಭಾರತದಲ್ಲಿ ಕಂಡ ಈ ಲಕ್ಷಣಗಳನ್ನೇ ಮುಂದಿನವರು ಮಧ್ಯಯುಗಕ್ಕೂ ಹೊದಿಸಿದರು. ಇದರ ಪರಮಾವಧಿ 1970ರಲ್ಲಿ ಬಂದ ಜೆ.ಎಫ್.ಡಿ. ಶ್ರೂಸ್‌ಬರಿಯ ಪುಸ್ತಕ. ಇಲಿಯ ಪ್ಲೇಗು ಅಷ್ಟೊಂದು ಜನರನ್ನು ಕೊಲ್ಲಲಾರದು, ಆದ್ದರಿಂದ ಇಂಗ್ಲೆಂಡಿನಲ್ಲಿ ಸತ್ತವರು ಇಪ್ಪತ್ತಕ್ಕೆ ಒಬ್ಬರಿರಬಹುದು ಅಷ್ಟೆ ಎಂದ ಆತ. ಮೂರರಲ್ಲೊಂದು ಪಾಲು ಸತ್ತರೆಂದು ಬರೆದಿಟ್ಟವರೆಲ್ಲ ಸುಳ್ಳರಾದರು! 1984ರಲ್ಲಿ ಪ್ರಾಣಿಶಾಸ್ತ್ರಜ್ಞ ಗ್ರಹಾಂ ಟ್ವಿಗ್ ಇದೇ ವಾದವನ್ನು ತಲೆಕೆಳಗು ಮಾಡಿದ. ಸತ್ತವರ ಲೆಕ್ಕ ಸರಿಯಾಗಿಯೇ ಇದೆ, ಅದು ಪ್ಲೇಗೇ ಅಲ್ಲದಿರಬಹುದು ಎಂದ.

ಈ ಜಗಳದ ನಡುವೆ ಬಂದವರು ಗ್ಲಾಸ್ಗೋ ವಿಶ್ವವಿದ್ಯಾಲಯದ ಸ್ಯಾಮ್ಯುಯೆಲ್ ಕೋನ್. 2002ರ ‘ದ ಬ್ಲ್ಯಾಕ್ ಡೆತ್ ಟ್ರಾನ್ಸ್‌ಫಾರ್ಮ್ಡ್’ ಪುಸ್ತಕಕ್ಕೆ ಅವರು ಒಂದು ಕಡೆ ಇಟಲಿ, ಫ್ರಾನ್ಸ್‌ಗಳ ಮರಣಪತ್ರ, ಉಯಿಲು, ವೃತ್ತಾಂತಗಳನ್ನು, ಇನ್ನೊಂದು ಕಡೆ ಭಾರತದ ಪ್ಲೇಗು ಆಯೋಗದ ವರದಿಗಳನ್ನು ಇಟ್ಟುಕೊಂಡರು. ಎರಡಕ್ಕೂ ತಾಳೆಯಾಗಲಿಲ್ಲ. ಮಧ್ಯಯುಗದ ರೋಗ ಬೇಗ ಹರಡಿತ್ತು, ಬದುಕುಳಿದವರಿಗೆ ರೋಗನಿರೋಧ ಬಂದಂತಿತ್ತು, ಸತ್ತ ಇಲಿಗಳ ಸುದ್ದಿಯೇ ಇಲ್ಲ. ಹಾಗಾಗಿ ರೋಗಾಣು ಬೇರೆಯೇ ಇರಬೇಕು ಎಂಬ ತೀರ್ಮಾನಕ್ಕೆ ಬಂದರು.

ಆ ತೀರ್ಮಾನ ನಿಲ್ಲಲಿಲ್ಲ. ಲಂಡನ್ನಿನ ಈಸ್ಟ್ ಸ್ಮಿತ್‌ಫೀಲ್ಡ್ ಹೆಣಗುಂಡಿಗಳ ಎಲುಬು, ಹಲ್ಲುಗಳಿಂದ 2011ರಲ್ಲಿ ಪ್ಲೇಗಿನ ರೋಗಾಣು ಯೆರ್ಸಿನಿಯಾ ಪೆಸ್ಟಿಸ್‌ನ ಜೀನೋಮ್ ಸಿಕ್ಕಿತು. ಹಾಗೆಂದು ಪುಸ್ತಕವನ್ನು ಅಟ್ಟಕ್ಕೆ ಹಾಕುವವರ ಜೊತೆ ನಾನಿಲ್ಲ. ರೋಗಾಣು ಒಂದೇ ಆದರೆ ಹರಡಿದ ಬಗೆ ಯಾಕೆ ಬೇರೆ ಎಂಬ ಪ್ರಶ್ನೆ ಹಾಗೇ ಉಳಿಯಿತು. ಇಲಿಯನ್ನು ಬಿಟ್ಟು ಮನುಷ್ಯರ ಮೈಮೇಲಿನ ಚಿಗಟ, ಹೇನುಗಳೇ ವಾಹಕವಾಗಿದ್ದಿರಬಹುದು ಎಂದು 2018ರಲ್ಲಿ ಸಂಶೋಧಕರು ಲೆಕ್ಕ ಹಾಕಿ ತೋರಿಸಿದ್ದು ಆ ಪ್ರಶ್ನೆಯ ಮುಂದುವರಿಕೆಯಂತೆಯೇ ಕಾಣುತ್ತದೆ.

ಕೋನ್ ಅವರ ಇನ್ನೊಂದು ಪುಸ್ತಕ, 2006ರ ‘ಲಸ್ಟ್ ಫಾರ್ ಲಿಬರ್ಟಿ’, ನನ್ನ ದೃಷ್ಟಿಯಲ್ಲಿ ಹೆಚ್ಚು ತೂಕದ್ದು. 1200ರಿಂದ 1425ರವರೆಗಿನ ಸಾವಿರಕ್ಕೂ ಹೆಚ್ಚು ದಂಗೆಗಳನ್ನು ಗುಡ್ಡೆ ಹಾಕಿ ನೋಡಿದಾಗ ಅವರಿಗೆ ಕಂಡದ್ದು: ಹೊಟ್ಟೆಗಿಲ್ಲದೆ ಎದ್ದ ದಂಗೆಗಳು ಕಡಿಮೆ. ಹೆಚ್ಚಿನವು ರಾಜಕೀಯ ದಂಗೆಗಳು. ತೆರಿಗೆ, ಹಕ್ಕು, ಊರಾಳ್ವಿಕೆಯಲ್ಲಿ ಪಾಲು ಇವುಗಳಿಗಾಗಿ ನಡೆದವು. ಮುಂದಾಳುಗಳು ಬಹುಮಟ್ಟಿಗೆ ಅವರ ನಡುವಿನವರೇ, ಮೇಲಿನಿಂದ ಇಳಿದು ಬಂದವರಲ್ಲ. ಪ್ಲೇಗಿನ ಮೊದಲ ಹೊಡೆತ ಕಳೆದ ಕೆಲವು ವರ್ಷಗಳಲ್ಲಿ ಇಂಥ ದಂಗೆಗಳು ಏರಿದವು. ಸಾವಿನ ಬಾಯಿಂದ ಪಾರಾದ ಜನ ಕುಗ್ಗಲಿಲ್ಲ, ಧೈರ್ಯ ಮಾಡಿದರು. 1378ರಲ್ಲಿ ಫ್ಲಾರೆನ್ಸಿನ ಉಣ್ಣೆ ಕೂಲಿಗಳು ಕೆಲಕಾಲ ಊರಿನ ಆಡಳಿತವನ್ನೇ ಹಿಡಿದರು.

ಭಾರತದ ಚರಿತ್ರೆ ಬರೆದವರು ಇದೇ ಜಾಗಕ್ಕೆ ಬೇರೆ ದಾರಿಯಿಂದ ಬಂದರು. ವಸಾಹತು ಅಧಿಕಾರಿಗಳ ಕಡತಗಳಲ್ಲಿ ಪ್ಲೇಗು ಗಲಭೆಗಳೆಲ್ಲ ಮೂಢನಂಬಿಕೆಯ ಫಲ. ಡೇವಿಡ್ ಆರ್ನಾಲ್ಡ್ 1987ರ ತಮ್ಮ ಪ್ರಬಂಧದಲ್ಲಿ, ಸರ್ಕಾರ ಮೊದಲ ಬಾರಿಗೆ ಪ್ರಜೆಯ ಮೈಮುಟ್ಟಿದ ಕಥೆಯಾಗಿ ಅದನ್ನು ಓದಿದರು: ರೈಲುನಿಲ್ದಾಣದಲ್ಲಿ ಕಂಕುಳು ಮುಟ್ಟಿ ನೋಡುವುದು, ಹೆಂಗಸರ ತಪಾಸಣೆ, ಕ್ಯಾಂಪಿಗೆ ಸಾಗಿಸುವುದು. ರಾಜನಾರಾಯಣ್ ಚಂದಾವರ್ಕರ್ 1992ರಲ್ಲಿ ಮತ್ತೊಂದು ಹೆಜ್ಜೆ ಮುಂದೆ ಹೋಗಿ, ದಿಗಿಲು ಬಿದ್ದದ್ದು ಜನಕ್ಕಿಂತ ಹೆಚ್ಚಾಗಿ ಸರ್ಕಾರ ಎಂದರು. 1896ರ ಅಕ್ಟೋಬರಿನಲ್ಲಿ ಮುಂಬಯಿಯ ಆರ್ಥರ್ ರೋಡ್ ಆಸ್ಪತ್ರೆಗೆ ನುಗ್ಗಿದವರು ಗಿರಣಿ ಕಾರ್ಮಿಕರು ಎಂಬುದನ್ನು ಮರೆಯುವಂತಿಲ್ಲ. ಕೋನ್ ಕೂಡ 2018ರ ‘ಎಪಿಡೆಮಿಕ್ಸ್’ನಲ್ಲಿ ಭಾರತಕ್ಕೆ ಮರಳುತ್ತಾರೆ. 1348ರ ಯೂರೋಪಿನಲ್ಲಿ ಯಹೂದಿಗಳನ್ನು ಸುಟ್ಟ ದ್ವೇಷ ಇಲ್ಲಿ ಕಾಣಲಿಲ್ಲ. ಹಿಂದೂ ಮುಸ್ಲಿಮರು ಒಟ್ಟಾಗಿ ಸರ್ಕಾರದ ಕ್ರಮಗಳ ವಿರುದ್ಧ ನಿಂತ ಉದಾಹರಣೆಗಳಿವೆ ಎಂಬುದು ಅವರ ಮಾತು.

ನಮ್ಮ ಸೀಮೆಯ ಕಥೆ ಹುಬ್ಬಳ್ಳಿಯಿಂದ ಹೊರಡುತ್ತದೆ. 1898ರ ಆಗಸ್ಟಿನಲ್ಲಿ ರೈಲಿನೊಂದಿಗೆ ಪ್ಲೇಗು ಬೆಂಗಳೂರಿಗೆ ಇಳಿಯಿತು. ವಿ.ಪಿ. ಮಾಧವರಾವ್ ಪ್ಲೇಗು ಕಮಿಷನರಾದರು, ಮಲ್ಲೇಶ್ವರ, ಬಸವನಗುಡಿ ಬಡಾವಣೆಗಳು ಎದ್ದವು, ಪ್ಲೇಗಮ್ಮನಿಗೆ ಗುಡಿಗಳಾದವು. ಶ್ರೀರಂಗಪಟ್ಟಣದ ಪಕ್ಕದ ಗಂಜಾಮಿನಲ್ಲಿ ಅದೇ ವರ್ಷ ಪ್ಲೇಗು ಕ್ರಮಗಳ ವಿರುದ್ಧ ದೊಡ್ಡ ಗಲಭೆಯಾಯಿತು. ಬಡಾವಣೆಗಳ ಬಗ್ಗೆ ಬರೆದಷ್ಟನ್ನು ನಾವು ಗಂಜಾಮಿನ ಬಗ್ಗೆ ಬರೆಯಲಿಲ್ಲ.

ಕೋಲಾರದ ಚಿನ್ನದ ಗಣಿ ಕೆಜಿಎಫ್‌ಗೂ ಬೌರಿಂಗ್‌ಪೇಟೆಯಿಂದ, ಅಂದರೆ ಇಂದಿನ ಬಂಗಾರಪೇಟೆಯಿಂದ, ಮಾರಿಕುಪ್ಪಂವರೆಗೆ 1894ರಲ್ಲೇ ರೈಲು ಬಂದಿತ್ತು. ಉತ್ತರ ಆರ್ಕಾಟ್, ಚಿತ್ತೂರು, ಸೇಲಂ ಕಡೆಗಳಿಂದ ತಮಿಳು, ತೆಲುಗಿನ ಜನ, ಬಹುಪಾಲು ದಲಿತರು, ಬಂದಿಳಿಯುತ್ತಿದ್ದರು. 1891ರಲ್ಲಿ ಏಳು ಸಾವಿರವಿದ್ದ ಜನಸಂಖ್ಯೆ 1901ರ ಹೊತ್ತಿಗೆ 38 ಸಾವಿರ ದಾಟಿತು. ಪ್ಲೇಗು ಬಂದ ದಶಕವೂ ಅದೇ. ಅಲ್ಲಿನ ಗಣಿಗಳಲ್ಲೊಂದಾದ ಚಾಂಪಿಯನ್ ರೀಫ್ಸ್‌ನ ಕೂಲಿ ಲೈನುಗಳಲ್ಲಿ ಬಿದಿರಿನ ತಟ್ಟಿಯ ಗೋಡೆ, ಒಂದು ತಟ್ಟಿಯ ಆಚೆ ಇನ್ನೊಂದು ಸಂಸಾರ. ಪಕ್ಕದ ಮನೆಯ ಕೆಮ್ಮು ಈ ಮನೆಯ ನಿದ್ದೆ ಕೆಡಿಸುವಷ್ಟು ಹತ್ತಿರ. ಇಂಥ ಕಡೆ ರೋಗದ ಭಯ ಕಂಪನಿಗಿಂತ ಕೂಲಿಗೇ ಹೆಚ್ಚು ಚೆನ್ನಾಗಿ ಗೊತ್ತಿತ್ತು.

ಈ ಊರಿನ ಬಗ್ಗೆ ಒಂದೇ ವರ್ಷ, 1998ರಲ್ಲಿ, ಎರಡು ಮುಖ್ಯ ಪುಸ್ತಕಗಳು ಬಂದವು. ಜಿ. ಅಲೋಷಿಯಸ್ ಅವರು ತಮಿಳು ದಲಿತ ಚಿಂತಕ ಅಯೋತಿದಾಸರ ಶಾಕ್ಯ ಬೌದ್ಧ ಸಂಘ ಮಾರಿಕುಪ್ಪಂ, ಚಾಂಪಿಯನ್ ರೀಫ್ಸ್‌ಗಳಲ್ಲಿ ಬೇರುಬಿಟ್ಟ ಬಗೆಯನ್ನು ಬರೆದರು. ದಾಸರ ‘ತಮಿಳನ್’ ಪತ್ರಿಕೆ 1926ರಲ್ಲಿ ಮತ್ತೆ ಹೊರಟದ್ದು ಕೆಜಿಎಫ್‌ನಿಂದಲೇ. ಜಾನಕಿ ನಾಯರ್ ‘ಮೈನರ್ಸ್ ಅಂಡ್ ಮಿಲ್‌ಹ್ಯಾಂಡ್ಸ್’ನಲ್ಲಿ ಗಣಿ ಮತ್ತು ಬೆಂಗಳೂರಿನ ಗಿರಣಿಗಳ ದುಡಿಮೆಯನ್ನು ಒಟ್ಟಿಗೆ ಓದಿದರು. 1930ರ ಕೆಜಿಎಫ್ ಮುಷ್ಕರದ ಬಗ್ಗೆ ಅವರು 1990ರಲ್ಲೇ ಬರೆದಿದ್ದರು. ಆ ಮುಷ್ಕರದ ಕಾರಣವೇ ಇಲ್ಲಿ ಮುಖ್ಯ: ಕಾರ್ಮಿಕರನ್ನು ಬೆರಳಚ್ಚು ಪಡೆದು ನೋಂದಾಯಿಸಲು ಕಂಪನಿಗಳು ಹೊರಟಿದ್ದವು. ಚಿನ್ನ ಕದ್ದಾರೆಂದು ಮೈ ತಡವಿ ತಪಾಸಣೆ ಮಾಡುವುದನ್ನು ಸಹಿಸಿಕೊಂಡಿದ್ದ ಜನ ಬೆರಳು ಒತ್ತಲು ಒಪ್ಪಲಿಲ್ಲ. ಬೆರಳಚ್ಚು ಕಳ್ಳರದ್ದು, ಕೈದಿಗಳದ್ದು, ದುಡಿಯುವವರದ್ದಲ್ಲ. ಹೇಳಿಕೊಳ್ಳುವಂಥ ಯೂನಿಯನ್ ಇಲ್ಲದೆ, ಪಟ್ಟಣದ ನಾಯಕರ ಅಪ್ಪಣೆಗೆ ಕಾಯದೆ ಸಾವಿರಾರು ಜನ ಕೆಲಸ ನಿಲ್ಲಿಸಿದರು. ಕೋನ್ ಮಧ್ಯಯುಗದಲ್ಲಿ ಕಂಡದ್ದೂ, ಆರ್ನಾಲ್ಡ್ ಪ್ಲೇಗಿನಲ್ಲಿ ಕಂಡದ್ದೂ ಇಲ್ಲಿ ಒಂದಾಗುತ್ತವೆ: ಕೂಲಿಯ ಕಾಸಿಗಿಂತ ಮೊದಲು, ಮೈಮೇಲೆ ಯಾರಿಗೆ ಅಧಿಕಾರ ಎಂಬ ತಕರಾರು.

ಇಷ್ಟಾದರೂ ನಮ್ಮಲ್ಲಿ ರೋಗದ ಚರಿತ್ರೆ ಒಂದು ಕಪಾಟಿನಲ್ಲಿ, ಮುಷ್ಕರದ ಚರಿತ್ರೆ ಇನ್ನೊಂದರಲ್ಲಿ ಕೂತಿವೆ. ಎರಡರ ನಡುವೆ ಬಿದ್ದುಹೋದದ್ದು ಚಾಂಪಿಯನ್ ರೀಫ್ಸ್‌ನ ನಿಜವಾದ ಮಾರಿ, ಸಿಲಿಕೋಸಿಸ್. 1940ರ ದಶಕದ ತಪಾಸಣೆಯಲ್ಲಿ ಏಳು ಸಾವಿರಕ್ಕೂ ಹೆಚ್ಚು ಗಣಿ ಕಾರ್ಮಿಕರ ಪೈಕಿ ನೂರಕ್ಕೆ ನಲವತ್ತಕ್ಕೂ ಮಿಕ್ಕಿ ಜನರ ಶ್ವಾಸಕೋಶದಲ್ಲಿ ಅದು ಸಿಕ್ಕಿತು. ಪ್ಲೇಗಿಗೆ ಬಂದಂತೆ ಅದಕ್ಕೆ ಆಯೋಗ, ಕಮಿಷನರ್, ಗುಡಿ, ಕಾದಂಬರಿ ಬರಲಿಲ್ಲ. ವರ್ಷಗಟ್ಟಲೆ ಕಲ್ಲಿನ ದೂಳು ಕುಡಿದವನು ಊರಿಗೆ ಮರಳಿ ಸತ್ತರೆ ಅದು ಯಾವ ಲೆಕ್ಕಕ್ಕೂ ಬರುವುದಿಲ್ಲ. ದಂಗೆ ಏಳಲು ದಿಢೀರನೆ ಏನಾದರೂ ನಡೆಯಬೇಕು. ಕೋನ್ ಅವರ ಚೌಕಟ್ಟಿನ ಮಿತಿಯೂ ಇದೇ ಎಂದು ನನಗನಿಸುತ್ತದೆ. ಅಲ್ಲಿ ವರ್ಷ, ತಿಂಗಳು, ಸತ್ತವರ ಪಟ್ಟಿ ಇರುವ ರೋಗಕ್ಕಷ್ಟೇ ಜಾಗ. 2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು, ಕೆಜಿಎಫ್ ಹೆಸರಿನ ಸಿನಿಮಾ ದೇಶವೆಲ್ಲ ಓಡಿತು. ಸಯನೈಡ್ ದಿಬ್ಬಗಳ ದೂಳು ಬೇಸಿಗೆಯ ಗಾಳಿಗೆ ಇಂದಿಗೂ ಲೈನುಗಳ ಮೇಲೆ ಹಾರುತ್ತದೆ. 1998ರ ಆ ಎರಡರ ಜೊತೆಗೆ ಬರಬೇಕಾದ ಈ ದೂಳಿನ ಚರಿತ್ರೆಯ ಮೂರನೆಯ ಪುಸ್ತಕವನ್ನು ಬರೆಯುವವರು ತಮಿಳು, ತೆಲುಗು, ಕನ್ನಡ ಮೂರರಲ್ಲೂ ಓದಬಲ್ಲವರಾಗಿರಬೇಕು. ಲಂಡನ್ನಿಗೆ ಹೋದ ಕಂಪನಿ ವರದಿಗಳನ್ನು ಆಮೇಲೆ ನೋಡಿದರಾಯಿತು.